ಬಿರಿಟವ್ವನ ಪದ

ನವನಗರ, ಬಾಗಲಕೋಟೆ
೯ ಸೆಪ್ಟೆಂಬರ್ ೨೦೨೪

ಸಪ್ನಾ,

ನಿನ್ನ ನಂಬರ್ ಬ್ಲಾಕ್ ಮಾಡಿದ್ದೇನೆ, ಬಿಡಿಸುವ ವಿಚಾರವೂ ಇಲ್ಲ. ನನ್ನ ಹಾಡಿನ ವಿಡಿಯೋದ ಕೆಳಗೆ ಲೋಕವೆಲ್ಲ ಓದುವಂತೆ "ಅತ್ತಿ, ಶ್ರುತಿ ಬಿಟ್ಟೈತಿ" ಎಂದು ಬರೆದ ಹುಡುಗಿ ತಮ್ಮನ ಮಗಳೇ ಆದರೂ ಅವಳ ಜೊತೆ ಮಾತಾಡುವ ಗರಜು ನನಗಿಲ್ಲ. ಆದರೆ ಕೆಲಸವೊಂದು ಬಿದ್ದಿದೆ, ಅದಕ್ಕೆ ಈ ಪತ್ರ.

ಕೊಂಡಿ ಪದ ನಿನಗೆ ಗೊತ್ತು. "ಎಳಿಗೆ ಎಳಿ ಕೂಡಸ ತಂಗಿ, ಎಡವದಂಗ ಕೂಡಸ." ಸೀರೆಯ ಒಡಲಿನ ಎಳೆಗೂ ಸೆರಗಿನ ಎಳೆಗೂ ಕೊಂಡಿ ಹಾಕುವಾಗ ನಮ್ಮ ಓಣಿಯ ಹೆಂಗಸರು ಹಾಡುವುದು. ನಮ್ಮವ್ವ ಕಟ್ಟಿದ ಪದ. ಹುಡುಗಿಯಾಗಿದ್ದಾಗಿನಿಂದ ಅದನ್ನು ಹಾಡುತ್ತ ಬಂದಿದ್ದೇನೆ. ರೇಡಿಯೋದಲ್ಲಿ ಹಾಡಿದ್ದೇನೆ, ಉತ್ಸವಗಳಲ್ಲಿ ಹಾಡಿದ್ದೇನೆ, ಸಂಗೀತ ಶಿಕ್ಷಕಿಯ ಕೆಲಸದ ಸಂದರ್ಶನದಲ್ಲೂ ಅದನ್ನೇ ಹಾಡಿದೆ. ಪ್ರತಿ ಸಲ ಮೊದಲು ಹೇಳುವ ಮಾತು ಒಂದೇ: ಇದು ನಮ್ಮವ್ವ ಮರೆವ್ವನದು.

ಹೋದ ತಿಂಗಳು ನನ್ನ ಶಿಷ್ಯ ಗೌತಮ ಒಂದು ಹಳೆಯ ಸ್ವೀಡಿಶ್ ಸಿನಿಮಾ ಕಳಿಸಿದ. ಐವತ್ತು ವರ್ಷದ ಹಿಂದೆ ಬಾದಾಮಿಯಲ್ಲಿ ತೆಗೆದದ್ದು, ಈಗ ತೊಳೆದು ಸ್ವಚ್ಛ ಮಾಡಿ ಅಂತರ್ಜಾಲಕ್ಕೆ ಬಿಟ್ಟಿದ್ದಾರೆ. ಶುರುವಿನಲ್ಲೇ ಪಿಟೀಲುಗಳ ಮೇಲೆ ನಮ್ಮ ಕೊಂಡಿ ಪದ! ಸಂಗೀತ ಎಂದು ಪರದೆಯ ಮೇಲೆ ಬಂದ ಹೆಸರು ಬ್ರಿಟ್ಟಾ ಸ್ಟ್ರಾಂಡೆಲ್. ಚಿತ್ರದ ನಾಯಕಿಯೂ ಅವಳೇ. ನನ್ನ ಮೈಯೆಲ್ಲ ಉರಿದುಹೋಯಿತು.

ಜನವರಿಯಲ್ಲಿ ಬಾದಾಮಿಯಲ್ಲಿ ಆ ಸಿನಿಮಾ ತೋರಿಸುತ್ತಾರೆ. ಬ್ರಿಟ್ಟಾ ಸತ್ತು ಕೆಲವು ವರ್ಷವಾಯಿತು. ಅವಳ ತಮ್ಮನ ಮಗಳು ಬರುತ್ತಾಳೆ. ಅದೇ ವೇದಿಕೆಯ ಮೇಲೆ ನಮ್ಮ ಹಾಡುಗಾರರ ಸಂಘ ಒಂದು ಪುಸ್ತಿಕೆ ಬಿಡುಗಡೆ ಮಾಡುತ್ತದೆ. ಹೆಸರು 'ಕದ್ದ ಪದ'. ಅವಳು ಯಾರು, ಎಲ್ಲಿಂದ ಬಂದಳು, ಹೇಗೆ ಕದ್ದಳು ಎಂದು ನೀನು ಬರೆಯಬೇಕು. ನಿನ್ನಲ್ಲಿ ಚೆನ್ನಾಗಿರುವುದು ಬರವಣಿಗೆ ಒಂದೇ. ಕಾಲೇಜು ಬಿಟ್ಟು ಝೆರಾಕ್ಸ್ ಅಂಗಡಿಯಲ್ಲಿ ಕೂತವಳಿಗೆ ಪುರುಸೊತ್ತೂ ಇರುತ್ತದೆ. ಅವ್ವ ನಿಮ್ಮ ಮನೆಯಲ್ಲೇ ಇದ್ದಾಳೆ, ಅವಳನ್ನು ವೇದಿಕೆಗೆ ಕರೆತರುವ ಜವಾಬ್ದಾರಿಯೂ ನಿನ್ನದೇ. ಪದ ನನ್ನದು ಎಂದು ಅವಳು ಒಂದು ಮಾತು ಹೇಳಿದರೆ ಸಾಕು.

ಮಹಾನಂದಾ


ಇಳಕಲ್
೧೮ ಸೆಪ್ಟೆಂಬರ್ ೨೦೨೪

ಅತ್ತಿಯವರಿಗೆ,

ಶ್ರುತಿ ಬಿಟ್ಟಿತ್ತು. ಎರಡನೆಯ ಚರಣವನ್ನು ಮತ್ತೊಮ್ಮೆ ಕೇಳಿ ನೋಡಿರಿ. ನನ್ನ ನಂಬರ್ ಬ್ಲಾಕ್ ಮಾಡಿದರೆ ಅದು ಸೇರುವುದಿಲ್ಲ.

ಪುಸ್ತಿಕೆ ಬರೆಯುತ್ತೇನೆ, ಒಂದು ಕರಾರಿನ ಮೇಲೆ. ನನಗೆ ಖಾತ್ರಿಯಾದದ್ದನ್ನಷ್ಟೇ ಬರೆಯುತ್ತೇನೆ. ಹೆಸರನ್ನು ಕೊನೆಗೆ ಇಡೋಣ.

ಅಂಗಡಿಯಲ್ಲಿ ನೀವು ಅಂದುಕೊಂಡಷ್ಟು ಪುರುಸೊತ್ತು ಇಲ್ಲ. ಆದರೂ ಆಧಾರ್ ಕಾರ್ಡಿನವರಿಗೂ ಪಹಣಿಯವರಿಗೂ ನಡುವೆ ಸಿಕ್ಕ ಹೊತ್ತಿನಲ್ಲಿ ಹುಡುಕಿದೆ. ಸ್ವೀಡಿಶ್ ಪುಟಗಳನ್ನು ಫೋನು ಕನ್ನಡ ಮಾಡಿಕೊಡುತ್ತದೆ. ಕೆಟ್ಟ ಕನ್ನಡ, ಆದರೆ ಸಂಗತಿ ತಿಳಿಯುತ್ತದೆ.

ಬ್ರಿಟ್ಟಾ ಹುಟ್ಟಿದ್ದು ೧೯೩೬ರಲ್ಲಿ, ಸಮುದ್ರದ ದಂಡೆಯ ಮೀನುಗಾರರ ಊರಿನಲ್ಲಿ. ಅಪ್ಪ ಮೀನು ತುಂಬುವ ಪೀಪಾಯಿ ಮಾಡುತ್ತಿದ್ದ. ಹದಿನಾರಕ್ಕೆ ಶಾಲೆ ಬಿಟ್ಟಳು. (ನೀವು ಇಲ್ಲಿ ನಗುತ್ತೀರಿ ಎಂದು ಗೊತ್ತು.) ಬೇಸಿಗೆಯಲ್ಲಿ ಊರೂರು ತಿರುಗುವ ಮನರಂಜನೆ ತಂಡದಲ್ಲಿ ಅಕಾರ್ಡಿಯನ್ ಬಾರಿಸುತ್ತಿದ್ದಳು, ಎದೆಗೆ ಕಟ್ಟಿಕೊಳ್ಳುವ ಪೇಟಿ ಎಂದುಕೊಳ್ಳಿರಿ. ಒಬ್ಬ ನಿರ್ದೇಶಕ ಅವಳನ್ನು ಅಲ್ಲಿ ನೋಡಿದ. ಅವನಿಗೆ ಮುಖ ಕಂಡಿತು, ಪೇಟಿ ಕಾಣಲಿಲ್ಲ. ಮೊದಲ ಚಿತ್ರದಲ್ಲಿ ಮನೆಗೆಲಸದವಳು, ಬಾಗಿಲು ತೆರೆಯುವುದು ಮುಚ್ಚುವುದು ಅಷ್ಟೇ. ಮೂರನೆಯದರಲ್ಲಿ ನಾಯಕಿ. ಇಪ್ಪತ್ತೈದು ತುಂಬುವ ಮೊದಲೇ ಆ ದೇಶದ ಬೆಂಕಿಪೊಟ್ಟಣಗಳ ಮೇಲೆ ಅವಳ ಚಿತ್ರ ಅಚ್ಚಾಗುತ್ತಿತ್ತು.

ಇಷ್ಟು ಸಿಕ್ಕಿದೆ. ಕಳ್ಳತನದ ವಿಷಯ ಬರೆಯುವ ಮೊದಲು ಆಯಿಯನ್ನು, ಅಂದರೆ ನಿಮ್ಮ ಅವ್ವನನ್ನೇ, ಕೇಳುತ್ತೇನೆ.

ಸಪ್ನಾ


ನವನಗರ
೨೭ ಸೆಪ್ಟೆಂಬರ್ ೨೦೨೪

ಸಪ್ನಾ,

ಅವ್ವನನ್ನು ಕೆದಕಬೇಡ. ಎಪ್ಪತ್ತು ದಾಟಿದ ಜೀವ, ನಿನ್ನೆ ಉಂಡದ್ದನ್ನು ಇವತ್ತು ಹೇಳಲಾರಳು. ಅವಳ ವಿಷಯ ನನಗೆ ಗೊತ್ತು. ನಾನು ಹೇಳಿದಷ್ಟು ಬರೆ.

ಇನ್ನು ಆ ಬೆಂಕಿಪೊಟ್ಟಣದ ಸುಂದರಿ. ನಟಿಯರು ಸಂಗೀತ ಕಟ್ಟಿದರು ಎಂದರೆ ಹಿಂದೆ ಯಾವನೋ ಗಂಡಸು ಕುಳಿತು ಬರೆದುಕೊಟ್ಟಿರುತ್ತಾನೆ. ಮುಖ ಮಾರಿ ಬದುಕುವವರಿಗೆ ಸ್ವರ ಎಲ್ಲಿಂದ ಬರಬೇಕು? ಇದನ್ನೂ ಪುಸ್ತಿಕೆಯಲ್ಲಿ ಸೇರಿಸು.

ಮಹಾನಂದಾ


ಇಳಕಲ್
೧೫ ಅಕ್ಟೋಬರ್ ೨೦೨೪

ಅತ್ತಿಯವರಿಗೆ,

ಆ ಮಾತನ್ನು ಸೇರಿಸುವುದಿಲ್ಲ. ನೀವು ವೇದಿಕೆ ಇಳಿದಾಗ ಜನ ನಿಮ್ಮ ಬೆನ್ನ ಹಿಂದೆ ಅಂದದ್ದೂ ಹೆಚ್ಚುಕಡಿಮೆ ಇದೇ. ನೀವೇ ಅಳುತ್ತ ಅಪ್ಪನ ಮುಂದೆ ಹೇಳಿದ್ದಿರಿ, ನಾನು ಅಲ್ಲೇ ಇದ್ದೆ.

ಬ್ರಿಟ್ಟಾ ರೇಡಿಯೋಕ್ಕೆ ಕೊಟ್ಟ ಸಂದರ್ಶನವೊಂದು ಸಿಕ್ಕಿದೆ. ಅವಳು ಮಾತಾಡುತ್ತ ಪೇಟಿ ಬಾರಿಸುತ್ತಾಳೆ, ತಪ್ಪುತ್ತಾಳೆ, ತನ್ನನ್ನೇ ಬೈದುಕೊಳ್ಳುತ್ತಾಳೆ, ಸ್ವರ ಬದಲಿಸಿ ಮತ್ತೆ ಬಾರಿಸುತ್ತಾಳೆ. ಬೇರೆಯವರಿಂದ ಬರೆಸಿಕೊಂಡವರು ಹಾಗೆ ತಿದ್ದಿಕೊಳ್ಳುವುದಿಲ್ಲ. ನಾಲ್ಕನೆಯ ಚಿತ್ರಕ್ಕೆ ಅವಳು ಕಟ್ಟಿಕೊಟ್ಟ ಜೋಗುಳ ಬೇರೊಬ್ಬನ ಹೆಸರಿನಲ್ಲಿ ಬಂತು. ನಾಯಕಿಯ ಹೆಸರು ಪರದೆಯ ಮೇಲೆ ಎರಡು ಸಲ ಬಂದರೆ ಜನ ನಗುತ್ತಾರೆ ಎಂದನಂತೆ ನಿರ್ಮಾಪಕ. ಏಳನೆಯ ಚಿತ್ರದ ಹೊತ್ತಿಗೆ, ಹೆಸರು ಹಾಕುತ್ತೇನೆಂದು ಬರೆದುಕೊಡುವ ತನಕ ಬಣ್ಣ ಹಚ್ಚುವುದಿಲ್ಲ ಎಂದು ಮನೆಯಲ್ಲಿ ಕುಳಿತಳು. ಹಾಕಿದರು. ಪತ್ರಿಕೆಗಳು ಅವಳ ಹಟವನ್ನು ಬರೆದವು, ಸಂಗೀತವನ್ನು ಬರೆಯಲಿಲ್ಲ.

ಇನ್ನು ಆಯಿ. ನೀವು ಬೇಡ ಎಂದಿರಿ, ಆದರೂ ಕೇಳಿದೆ. ನಡುಮನೆಯಲ್ಲಿ ಕುಳಿತು ಹುಣಚಿಕ್ಕ ಸೊಪ್ಪು ಸೋಸುತ್ತಿದ್ದಳು. ನೆನಪು ನಿಮಗಿಂತ ಗಟ್ಟಿ ಇದೆ. ನಡೆದ ಮಾತು ಇದ್ದಂತೆ ಬರೆಯುತ್ತೇನೆ.

"ಆಯಿ, ಕೊಂಡಿ ಪದ ನೀ ಹ್ಯಾಂಗ ಕಟ್ಟಿದಿ?"

"ನಾ ಎಲ್ಲಿ ಕಟ್ಟೀನಿ? ಅದು ಬಿರಿಟವ್ವಂದು."

"ಯಾವ ಬಿರಿಟವ್ವ?"

"ಬಾದಾಮ್ಯಾಗ ಸಿನೆಮಾ ತಗಿಯಾಕ ಬಂದಿದ್ರಲ್ಲ, ಕೆಂಪ ಕೂದಲಾಕಿ. ಸಿನೆಮಾದಾಗ ಉಡಾಕ ಸೀರಿ ಬೇಕಂತ ಬಂದ್ಲು. ಸೀರಿ ಆಗಷ್ಟ ಕೊಂಡಿಗೆ ಬಂದಿತ್ತು. ನನ್ನ ಎದರಿಗೆ ಕುಂದ್ರು ನೆಗೆಣ್ಣಿ ತವರಮನಿಗೆ ಹೋಗಿದ್ಲು. ಇಬ್ಬರ ಹೊರತು ಆ ಕೆಲಸ ಆಗೂದಿಲ್ಲ. 'ನಾ ಕುಂದರ್ತೇನಿ' ಅಂತ ಕೈ ಮಾಡಿ ತೋರಿಸಿದ್ಲು."

"ಕುಂದರಸಿದ್ಯಾ?"

"ಮತ್ತೇನ್ ಮಾಡ್ಲಿ? ನಿಮ್ಮ ಮುತ್ಯಾ ಹೊಯ್ಕೊಂಡ, 'ಹೊರಗಿನಾಕಿ ಎಳಿ ಮುಟ್ಟಿದ್ರ ಕೆಡಸ್ತಾಳ' ಅಂತ. 'ನೀ ಕುಂದ್ರು ಹಂಗಾರ' ಅಂದ್ನಿ, ಎದ್ದು ಹೊರಗ ಹೋದ. ಆಕಿಗೆ ನಮ್ಮ ಮಾತು ಬರೂದಿಲ್ಲ, ನನಗ ಆಕಿ ಮಾತು ಬರೂದಿಲ್ಲ. ಕೈ ತಡಾ ಆತು ಅಂದ್ರ ಗುನುಗಾಕಿ. ದಿನಾ ಅದ ರಾಗ. ಕೇಳಿ ಕೇಳಿ ನನ್ನ ಬಾಯಾಗೂ ಬಂತು. 'ಎಳಿಗೆ ಎಳಿ ಕೂಡಸ' ಅಂತ ಮಾತು ಹಚ್ಚಿದಾಕಿ ನಾ. ಆಮ್ಯಾಲೆ ಓಣಿ ಮಂದಿ ಕಲತ್ರು."

"ಅತ್ತಿಗೆ ಯಾಕ ಹೇಳಲಿಲ್ಲ?"

ಆಯಿ ಸೊಪ್ಪಿನಿಂದ ಕೈ ತೆಗೆಯಲಿಲ್ಲ. "ಸಣ್ಣಾಕಿದ್ದಾಗ ಹುನಗುಂದದ ಸಾಲ್ಯಾಗ ಹಾಡಿ ಬಹುಮಾನ ತಗೊಂಡ್ಲು. ಅಕ್ಕೋರು 'ಯಾರ ಪದಾ?' ಅಂದ್ರು. 'ನಮ್ಮವ್ವಂದ್ರಿ' ಅಂತ ನನ್ನ ಕಡೆ ಬೊಟ್ಟು ಮಾಡಿದ್ಲು. ಎಲ್ಲಾರೂ ತಿರುಗಿ ನೋಡಿದ್ರು. ಆಗ ಹೆಂಗ ಹೇಳ್ಲಿ? ಆಮ್ಯಾಲೆ ಆಕಿ ಕೇಳಲಿಲ್ಲ, ನಾ ಹೇಳಲಿಲ್ಲ."

ಆದ್ದರಿಂದ ಅತ್ತೀ, ಯಾರೂ ಏನೂ ಕದ್ದಿಲ್ಲ. ಕದ್ದಿದ್ದರೆ ನಾವೇ. ಆಯಿಯನ್ನು ಬಾದಾಮಿಗೆ ನಾನು ಕರೆತರುವುದಿಲ್ಲ.

ಸಪ್ನಾ


ನವನಗರ
೪ ನವೆಂಬರ್ ೨೦೨೪

ಸಪ್ನಾ,

ನಿನ್ನ ಪತ್ರ ಹರಿದು ಹಾಕಿದೆ. ಆಮೇಲೆ ಕೂಡಿಸಿ ಓದಿದೆ, ಉತ್ತರ ಬರೆಯಬೇಕಲ್ಲ.

ನಿನಗೆ ಇದೊಂದು ಚಟ. ಪರೀಕ್ಷೆಯ ಕೋಣೆಯಲ್ಲಿ ಮಾಸ್ತರರೇ ಉತ್ತರ ಹೇಳಿಕೊಡುತ್ತಿದ್ದಾರೆ ಎಂದು ಎದ್ದು ನಿಂತು ಕೂಗಿದೆ. ಇಡೀ ಕೋಣೆಯ ಹುಡುಗರ ಫಲಿತಾಂಶ ತಡೆದರು, ನಿನ್ನದನ್ನೂ ತಡೆದರು. ಯಾರಿಗೆ ಒಳ್ಳೆಯದಾಯಿತು? ನಿನ್ನ ಅಪ್ಪ ಬಸು ಒಂದು ವರ್ಷ ತಲೆ ಎತ್ತಿ ಓಣಿಯಲ್ಲಿ ನಡೆಯಲಿಲ್ಲ. ಈಗ ನನ್ನ ಕೋಣೆಗೆ ಬಂದಿದ್ದೀ.

ಮುದುಕಿಯ ಬಾಯಿಂದ ನಿನಗೆ ಬೇಕಾದದ್ದು ಹೊರಡಿಸಿದ್ದೀ. ನನಗೆ ಸಂಗೀತ ಗೊತ್ತು, ನಿನಗೆ ಗೊತ್ತಿಲ್ಲ, ಈಗ ಕೇಳು. ಕೊಂಡಿ ಪದದ ಎರಡನೆಯ ಸಾಲಿನ ಕೊನೆಗೆ ಉಸಿರು ಒಂದು ಕಡೆ ನಿಲ್ಲುತ್ತದೆ. ತಾಳದ ಲೆಕ್ಕಕ್ಕೆ ಆ ನಿಲುವು ಕೂರುವುದಿಲ್ಲ. ಕಲಿತವರು ಯಾರೂ ಅಲ್ಲಿ ನಿಲ್ಲುವುದಿಲ್ಲ, ನಾನೇ ಅದನ್ನು ಆಲಾಪದಿಂದ ತುಂಬುತ್ತೇನೆ. ಅದು ರಾಗದ ನಿಲುವಲ್ಲ, ಕೆಲಸದ ನಿಲುವು. ಒಂದು ಹಿಡಿ ಎಳೆಗೆ ಕೊಂಡಿ ಹಾಕಿ ಮುಗಿಸಿ ಇನ್ನೊಂದು ಹಿಡಿ ಎತ್ತಿಕೊಳ್ಳುವ ಹೊತ್ತು. ಆ ಸಿನಿಮಾದಲ್ಲಿ ಅಷ್ಟೊಂದು ಪಿಟೀಲುಗಳು ಸರಿಯಾಗಿ ಅಲ್ಲೇ ನಿಲ್ಲುತ್ತವೆ. ಮೀನಿನ ಪೀಪಾಯಿಯ ಊರಿನವಳಿಗೆ ಆ ನಿಲುವು ಎಲ್ಲಿಂದ ಬಂತು? ಉತ್ತರ ಕೊಡು, ಪಂಡಿತೆ.

ಮಹಾನಂದಾ


ಇಳಕಲ್
೨೪ ನವೆಂಬರ್ ೨೦೨೪

ಅತ್ತಿಯವರಿಗೆ,

ಪರೀಕ್ಷೆಯಿಂದ ಯಾರಿಗೂ ಒಳ್ಳೆಯದಾಗಲಿಲ್ಲ. ಆದರೂ ಅವರು ಹೇಳಿಕೊಡುತ್ತಿದ್ದದ್ದು ಖರೆ.

ಆ ನಿಲುವಿನ ಮಾತು ನನಗೆ ಹೊಳೆದಿರಲಿಲ್ಲ. ಸಿನಿಮಾ ಹಾಕಿ ಕೇಳಿದೆ, ಆಯಿ ಕೆಲಸಕ್ಕೆ ಕುಳಿತಾಗ ಕೇಳಿದೆ. ನೀವು ಹೇಳಿದ್ದು ಸರಿ. ಇದನ್ನು ಬರೆಯುವಾಗ ಕೈ ಉರಿಯುತ್ತಿದೆ, ಆದರೆ ಸರಿ. ನಾವೇ ಕದ್ದವರು ಎಂದು ನಾನು ಬರೆದದ್ದು ತಪ್ಪು.

ಆಯಿಯನ್ನು ಮತ್ತೆ ಕೇಳಿದೆ. "ನಾ ಎಳಿ ತಗೊಳ್ಳಾಕ ನಿಂತ್ರ ಆಕಿನೂ ನಿಲ್ಲಬೇಕಾತಲ್ಲ. ಕೈ ನಿಂತ್ರ ಬಾಯೂ ನಿಲ್ಲತಿತ್ತು. ಅದನ್ನ ಹಂಗ ಇಟಗೊಂಡ್ಲು" ಎಂದಳು. ರೇಡಿಯೋ ಸಂದರ್ಶನದ ಕೊನೆಯ ಭಾಗದಲ್ಲಿ ಬ್ರಿಟ್ಟಾ ಹೇಳಿರುವುದೂ ಇದೇ. ನೆಲದಲ್ಲಿ ಕುಣಿ ತೋಡಿ ಕಾಲು ಇಳಿಬಿಟ್ಟು ನೇಯುವ ಮನೆಯೊಂದರಲ್ಲಿ ಒಬ್ಬ ಹುಡುಗಿಯ ಎದುರು ಕುಳಿತಿದ್ದೆ, ಅವಳ ಕೈಯ ಜೊತೆ ನನ್ನ ಕೈ ಓಡುತ್ತಿರಲಿಲ್ಲ, ಅವಳ ಜೊತೆ ನಡೆಯಲಿಕ್ಕೆ ಒಂದು ರಾಗ ಕಟ್ಟಿಕೊಂಡೆ ಎಂದಿದ್ದಾಳೆ. ಆ ಹುಡುಗಿಯ ಹೆಸರು ಮಾತ್ರ ಹೇಳುವುದಿಲ್ಲ. ಕೇಳಿಟ್ಟುಕೊಂಡಿರಲಿಲ್ಲವೋ, ಮರೆತಳೋ, ಬೇಕಾಗಿರಲಿಲ್ಲವೋ. ತನ್ನ ಹೆಸರಿಗಾಗಿ ಬಣ್ಣ ಹಚ್ಚದೆ ಕುಳಿತವಳು ನಮ್ಮ ಆಯಿಯ ಹೆಸರು ನೆನಪಿಡಲಿಲ್ಲ. ಇದನ್ನು ನಾನು ಮುಚ್ಚಿಲ್ಲ.

ಪುಸ್ತಿಕೆ ಮುಗಿದಿದೆ, ಜೊತೆಗೆ ಇಟ್ಟಿದ್ದೇನೆ. ಬಾದಾಮಿಯ ಚಿತ್ರ ಸ್ವೀಡನ್ನಿನಲ್ಲಿ ಒಂದು ವಾರವೂ ಓಡಲಿಲ್ಲ. ಅವಳು ಇಳಕಲ್ ಸೀರೆ ಉಟ್ಟು ಬಾದಾಮಿಯ ಹೊಂಡದ ಮೆಟ್ಟಿಲ ಮೇಲೆ ಎಡವಿದ್ದನ್ನು ನೋಡಿ ಜನ ನಕ್ಕರಂತೆ. ಆ ರಾಗ ಮಾತ್ರ ಉಳಿಯಿತು. ನಲವತ್ತಕ್ಕೆ "ಮುಖ ಸಾಕು" ಎಂದು ನಟನೆ ಬಿಟ್ಟಳು. ಆಮೇಲೆ ಸಾಯುವ ತನಕ ಮಕ್ಕಳ ಗೊಂಬೆಯಾಟಗಳಿಗೆ ಸಂಗೀತ ಮಾಡಿದಳು. ಯಾವ ಪತ್ರಿಕೆಯೂ ಹುಡುಕಿಕೊಂಡು ಹೋಗಲಿಲ್ಲ. ನನಗೆ ಅವಳ ಬದುಕಿನಲ್ಲಿ ಹಿಡಿಸಿದ್ದು ಆ ಕೊನೆಯ ಭಾಗವೇ.

ಪುಸ್ತಿಕೆಗೆ 'ಬಿರಿಟವ್ವನೂ ಮರೆವ್ವನೂ' ಎಂದು ಹೆಸರಿಟ್ಟಿದ್ದೇನೆ. ನಡೆ ಅವಳದು, ನಿಲುವು ಮತ್ತು ಮಾತು ಆಯಿಯದು. ಇಷ್ಟು ಹೇಳುವುದಾದರೆ ಆಯಿಯನ್ನು ನಾನೇ ಕರೆತರುತ್ತೇನೆ. 'ಕದ್ದರು' ಎನ್ನುವುದಾದರೆ ಇಲ್ಲ.

ಸಪ್ನಾ


ನವನಗರ
೨೦ ಡಿಸೆಂಬರ್ ೨೦೨೪

ಸಪ್ನಾ,

ನಿನ್ನ ಬರಹ ಬೇಡ. ಗೌತಮ ಬರೆದಿದ್ದಾನೆ, ಅಚ್ಚಿಗೆ ಹೋಗಿದೆ. ಅವ್ವನನ್ನು ಕರೆತರಲು ನಿನ್ನ ಅಪ್ಪಣೆಯೂ ಬೇಡ. ಅವಳು ನನ್ನ ಅವ್ವ. ಜನವರಿ ೧೧ರ ಬೆಳಿಗ್ಗೆ ಕಾರು ಬರುತ್ತದೆ. ಕೆಂಪು ಸೆರಗಿನ ಸೀರೆ ಉಡಿಸಿ ಕಳಿಸು.

ಮಹಾನಂದಾ


ಇಳಕಲ್
೧೪ ಜನವರಿ ೨೦೨೫

ಅತ್ತಿಯವರಿಗೆ,

ಸೀರೆ ನಾನು ಉಡಿಸಲಿಲ್ಲ. ಅವಳೇ ಉಟ್ಟುಕೊಂಡಳು. ಕಾರು ಹತ್ತುವ ಮುನ್ನ, "ಆಯಿ, ಅಲ್ಲಿ ಏನ್ ಹೇಳ್ತಿ?" ಎಂದೆ. "ಕೇಳಿದ್ದಕ್ಕ ಹೇಳ್ತೇನಿ, ನಿನಗ್ಯಾಕ ಉಸಾಬರಿ" ಎಂದಳು. ನಾನು ನಂಬಿದೆ. ಬಸ್ಸು ಹಿಡಿದು ಹಿಂದೆಯೇ ಬಾದಾಮಿಗೆ ಬಂದೆ. ಕೊನೆಯ ಸಾಲಿನಲ್ಲಿ ಕುಳಿತಿದ್ದೆ, ನೀವು ನೋಡಿದಿರಿ.

ನೀವು ವೇದಿಕೆಯ ಮೇಲೆ ಇದ್ದಿರಿ. ಕೆಳಗಿನಿಂದ ಏನು ಕಂಡಿತು ಎಂದು ಬರೆಯುತ್ತೇನೆ.

ಸಿನಿಮಾ ಮುಗಿದಾಗ ಜನ ಚಪ್ಪಾಳೆ ಹೊಡೆದರು, ಅದರಲ್ಲೂ ಹೊಂಡ ಕಂಡಾಗ. ನನ್ನ ಪಕ್ಕದವನು "ಏ, ನಮ್ಮ ಹೊಂಡ ನೋಡಲೇ, ಆಗ ಎಷ್ಟ ಸ್ವಚ್ಛ ಇತ್ತು" ಎಂದ. ಆಮೇಲೆ ಗೌತಮ ಮೈಕು ಹಿಡಿದು ಪುಸ್ತಿಕೆ ಓದಿದ. ಬ್ರಿಟ್ಟಾ ಚೀಲದಲ್ಲಿ ಯಂತ್ರ ಬಚ್ಚಿಟ್ಟು ಆಯಿಯ ದನಿ ಕದ್ದು ತುಂಬಿಕೊಂಡಳಂತೆ. ಅದನ್ನು ಅವನಿಗೆ ಯಾರು ಹೇಳಿದರು? ಮೊದಲ ಸಾಲಿನಲ್ಲಿದ್ದ ಸ್ವೀಡನ್ನಿನ ಹೆಂಗಸಿಗೆ, ಬ್ರಿಟ್ಟಾಳ ತಮ್ಮನ ಮಗಳಿಗೆ, ಒಬ್ಬರು ಸಾಲು ಸಾಲಾಗಿ ತಿಳಿಸಿ ಹೇಳುತ್ತಿದ್ದರು. ಅವರ ಮುಖ ಸಣ್ಣದಾಗುತ್ತ ಹೋಯಿತು.

ಆಮೇಲೆ ಗೌತಮ ಮೈಕನ್ನು ಆಯಿಯ ಬಾಯಿಗೆ ಹಿಡಿದ.

"ಅಮ್ಮಾರ, ಈ ಪದಾ ಯಾರದ್ರಿ?"

ಆಯಿ ಅವನನ್ನು ನೋಡಲಿಲ್ಲ, ನಿಮ್ಮ ಮುಖ ನೋಡಿದಳು.

"ನಂದ."

"ಆಕಿ ಕದ್ದದ್ದು ಖರೇನ್ರಿ?"

"ನಂದ ಅಂದ್ನೆಲ್ಲ. ಸಾಕ ಬಿಡ್ರಿ."

ಜನ ಎದ್ದು ನಿಂತು ಚಪ್ಪಾಳೆ ಹೊಡೆದರು. ನಾನೂ ಎದ್ದೆ, ಕೂಗಲಿಕ್ಕೆ. ಆಯಿ ಅಷ್ಟು ದೂರದಿಂದ ನನ್ನನ್ನು ಹುಡುಕಿ ನೋಡಿದಳು. ನಾನು ಕುಳಿತೆ. ಇಷ್ಟು ವರ್ಷದಲ್ಲಿ ಎದ್ದವಳು ಕುಳಿತದ್ದು ಅದೇ ಮೊದಲು.

ಸ್ವೀಡನ್ನಿನ ಹೆಂಗಸು ವೇದಿಕೆ ಹತ್ತಿ ಬಂದು ತಮ್ಮ ಅತ್ತೆಯ ಪರವಾಗಿ ಕ್ಷಮೆ ಕೇಳಿದರು. ಎರಡೂ ಕೈ ಜೋಡಿಸಿ ಬಗ್ಗಿದರು. ಮಾಡದ ತಪ್ಪಿಗೆ, ಸತ್ತವಳ ಪರವಾಗಿ. ಅದಾದ ಮೇಲೆ ನೀವು ಹಾಡಿದಿರಿ. ಶ್ರುತಿ ಸರಿಯಾಗಿತ್ತು.

ನಿಮಗೆ ಏನೂ ಅನ್ನಿಸಲಿಲ್ಲವೇ?

ಸಪ್ನಾ


ನವನಗರ
೨೫ ಜನವರಿ ೨೦೨೫

ಸಪ್ನಾ,

ಅವ್ವ ಎಲ್ಲರ ಎದುರು ಹೇಳಿದಳು. ಮುಗಿಯಿತು. ನಿನಗೆ ಸೋಲಲು ಬರುವುದಿಲ್ಲ, ಅಷ್ಟೇ.

ಬಸು ಫೋನು ಕೊಟ್ಟರೆ ಅವ್ವ "ಆಮ್ಯಾಲೆ ಮಾತಾಡ್ತೇನಿ" ಎನ್ನುತ್ತಾಳಂತೆ. ಮೂರು ಸಲ ಹಾಗೇ ಆಯಿತು. ಅವಳ ಆರೋಗ್ಯ ಹೇಗಿದೆ ಎಂದು ಬರೆ. ಬೇರೆ ಏನೂ ಬರೆಯಬೇಡ.

ಮಹಾನಂದಾ


ಇಳಕಲ್
೬ ಫೆಬ್ರುವರಿ ೨೦೨೫

ಅತ್ತಿಯವರಿಗೆ,

ಆರೋಗ್ಯ ಚೆನ್ನಾಗಿದೆ. ಉಣ್ಣುತ್ತಾಳೆ, ಮಲಗುತ್ತಾಳೆ, ದವಾಖಾನಿಗೆ ಹೋಗುವಂಥದ್ದು ಏನೂ ಇಲ್ಲ.

ಬೇರೆ ಏನೂ ಬರೆಯಬೇಡ ಎಂದಿದ್ದೀರಿ. ಬರೆಯುತ್ತೇನೆ.

ಬಾದಾಮಿಯಿಂದ ಬಂದ ಮೇಲೆ ಅವಳು ಪದ ಹಾಡಿಲ್ಲ. ಗುನುಗಿಯೂ ಇಲ್ಲ. ಪಕ್ಕದ ಮನೆಯ ಗುರುಸಿದ್ದವ್ವನ ಸೀರೆ ಕೊಂಡಿಗೆ ಬಂದಿತ್ತು, ಇಬ್ಬರೂ ಎದುರುಬದುರು ಕುಳಿತಿದ್ದರು. ಗುರುಸಿದ್ದವ್ವ ಮೊದಲ ಸಾಲು ಎತ್ತಿದಳು. ಆಯಿ ತಗ್ಗಿಸಿದ ತಲೆಯಲ್ಲೇ ಎಳೆ ಎತ್ತಿಕೊಂಡಳು. ಎರಡನೆಯ ಹಿಡಿಯಲ್ಲಿ ಎಳೆ ತಪ್ಪಿಸಿದಳು. ಒಡಲಿನ ಎಳೆ ಒಂದು ಕಡೆ, ಸೆರಗಿನ ಎಳೆ ಒಂದು ಕಡೆ ಆಗಿ ಅಷ್ಟನ್ನೂ ಬಿಚ್ಚಬೇಕಾಯಿತು.

"ಯಾಕಬೇ, ಬಾದಾಮ್ಯಾಗ ಸತ್ಕಾರ ಮಾಡಿಸ್ಕೊಂಡು ಬಂದು ಕೈ ದೊಡ್ಡದಾತೇನ?" ಎಂದು ಗುರುಸಿದ್ದವ್ವ ನಕ್ಕಳು. "ಪದಾ ಹಾಡು, ಕೈ ತಾನ ಓಡತೈತಿ."

"ಬಾಯಿಗೆ ಬರವಲ್ದು" ಎಂದಳು ಆಯಿ.

"ನಿಂದ ಪದಾ ನಿನಗ ಬರೂದಿಲ್ಲೇನ?"

ಆಯಿ ಕೈಯಲ್ಲಿದ್ದ ಎಳೆಗಳನ್ನು ಕೆಳಗಿಟ್ಟು ಎದ್ದುಹೋದಳು. ಒಮ್ಮೆ ಕೈ ಹಚ್ಚಿದ ಕೊಂಡಿಯನ್ನು ಅವಳು ನಡುವೆ ಬಿಟ್ಟದ್ದನ್ನು ನಾನು ನೋಡಿರಲಿಲ್ಲ. ಉಳಿದದ್ದನ್ನು ನಾನು ಕುಳಿತು ಮುಗಿಸಿದೆ, ಕೆಟ್ಟದಾಗಿ.

ಆಮೇಲೆ ಹಿತ್ತಲಲ್ಲಿ ಕೇಳಿದೆ. "ಆಯಿ, ಏನಾಗೇತಿ?"

"ಹಾಡಾಕ ಹೋದ್ರ ಬಿರಿಟವ್ವ ಎದರಿಗೆ ಕುಂತಂಗ ಆಕ್ಕೈತಿ. ಮದಲೂ ಕುಂದರತಿದ್ಲು, ನಗತಿದ್ಲು. ಈಗ ಬಾದಾಮ್ಯಾಗ ಬಗ್ಗಿದ ಆ ಹುಡುಗಿಯಂಗ ಕೈ ಜೋಡಿಸಿಕೊಂಡು ಕುಂದರತಾಳ."

ಅತ್ತೀ, ನಾನು ನಿಮ್ಮನ್ನು ಬೈಯಲು ಬೇಕಾದಷ್ಟು ಮಾತು ಕೂಡಿಟ್ಟಿದ್ದೆ. ಒಂದೂ ಬರೆಯುವುದಿಲ್ಲ. ನಿಮಗಾಗಿ ಅವಳು ಆ ಮಾತು ಹೇಳಿದಳು. ಅದನ್ನು ಅವಳ ಬಾಯಿಂದ ನಾನು ತೆಗೆಯಲಾರೆ. ಪ್ರಯತ್ನ ಮಾಡಿದೆ. ಅದು ಖರೆ ಅಲ್ಲ ಎಂದು ನಾನು ಎಷ್ಟು ಹೇಳಿದರೂ "ನಿನಗ ತಿಳಿಯೂದಿಲ್ಲ, ಸುಮ್ಕಿರು" ಎನ್ನುತ್ತಾಳೆ. ನನಗೆ ಖರೆ ಹೇಳಲು ಬರುತ್ತದೆ, ಅವಳಿಂದ ಹೇಳಿಸಲು ಬರುವುದಿಲ್ಲ. ಅದು ನಿಮ್ಮಿಂದ ಮಾತ್ರ ಆಗುವ ಕೆಲಸ. ಬಂದು ಆ ಮಾತನ್ನು ತೆಗೆದುಕೊಂಡು ಹೋಗಿರಿ. ಬರದಿದ್ದರೆ ನೀವು ಪದದ ಜೊತೆ ಅವ್ವನನ್ನೂ ಸುಮ್ಮನಾಗಿಸಿದಿರಿ ಎಂದು ನಾನು ಊರಿಗೆಲ್ಲ ಹೇಳುತ್ತೇನೆ. ಹೇಳುವವಳು ಹೌದೋ ಅಲ್ಲವೋ ನಿಮಗೆ ಗೊತ್ತು.

ಸಪ್ನಾ


ನವನಗರ
೧೨ ಫೆಬ್ರುವರಿ ೨೦೨೫

ಸಪ್ನಾ,

ಹೆದರಿಸಬೇಡ. ನಿನ್ನ ಹೆದರಿಕೆಗೆ ನಾನು ಬರುತ್ತಿಲ್ಲ.

ಅವ್ವನಿಗೆ ಸುಳ್ಳು ಹೇಳಿ ರೂಢಿಯಿಲ್ಲ. "ನಂದ" ಎಂದಾಗ ಅವಳ ದನಿ ನನ್ನ ಕಿವಿಗೆ ಬಿತ್ತು. ನಾನು ಜೀವಮಾನವೆಲ್ಲ ದನಿ ಕೇಳಿ ಬದುಕಿದವಳು. ಆಗಲೇ ಗೊತ್ತಾಯಿತು. ಗೊತ್ತಾದ ಮೇಲೂ ಮೈಕು ಹಿಡಿದು ಹಾಡಿದೆ. ಶ್ರುತಿ ಸರಿಯಾಗಿತ್ತು ಎಂದು ನೀನು ಬರೆದದ್ದು ನೀನು ಬರೆದ ಎಲ್ಲಕ್ಕಿಂತ ಕೆಟ್ಟ ಮಾತು. ಅದನ್ನು ನಾನು ಮರೆಯುವುದಿಲ್ಲ.

ಸ್ವೀಡನ್ನಿನ ಹೆಣ್ಣುಮಗಳಿಗೆ ಪತ್ರ ಹೋಗಿದೆ. ನಿನ್ನ ಪುಸ್ತಿಕೆಯನ್ನು ಇಂಗ್ಲಿಷ್ ಮಾಡಿಸಿ ಜೊತೆಗೆ ಕಳಿಸಿದ್ದೇನೆ. ಬರವಣಿಗೆ ಚೆನ್ನಾಗಿತ್ತು ಅಂತ ಅಲ್ಲ, ಬೇರೆ ಇರಲಿಲ್ಲ. ಗೌತಮನ ಪುಸ್ತಿಕೆಗಳು ನನ್ನ ಮನೆಯ ಅಟ್ಟದ ಮೇಲೆ ಇವೆ, ಇನ್ನು ಹೊರಗೆ ಬರುವುದಿಲ್ಲ. ಬಾದಾಮಿಯಲ್ಲಿ ಹೇಳಿದ್ದನ್ನು ಬಾದಾಮಿಯಲ್ಲೇ ಹಿಂದೆ ತೆಗೆದುಕೊಳ್ಳಬೇಕು. ಸಂಘದವರು ಸಭಾಂಗಣ ಕೊಡುವುದಿಲ್ಲ ಎಂದಿದ್ದಾರೆ. ಹೊಂಡದ ಮೆಟ್ಟಿಲ ಮೇಲೆ ನಿಂತಾದರೂ ಹೇಳುತ್ತೇನೆ. ನಗುವವರು ನಗಲಿ.

ಅದೆಲ್ಲ ಆಮೇಲೆ. ಭಾನುವಾರ ಮುಂಜಾನೆ ಇಳಕಲ್ಲಿಗೆ ಬರುತ್ತೇನೆ. ಗುರುಸಿದ್ದವ್ವನಿಗೆ ಹೇಳಿ ಕೊಂಡಿಗೆ ಬಂದ ಸೀರೆ ಒಂದನ್ನು ನಡುಮನೆಯಲ್ಲಿ ಇಡಿಸು. ನಾನು ಅವ್ವನ ಎದುರಿಗೆ ಕೂರುತ್ತೇನೆ. ಆ ಕೆಲಸ ನನಗೆ ಬರುವುದಿಲ್ಲ. ಹಾಡುವವಳ ಬೆರಳು ಎಂದು ಅವ್ವ ನನ್ನನ್ನು ಎಳೆಯ ಹತ್ತಿರ ಬಿಡಲೇ ಇಲ್ಲ. ಕೈ ತಡವಾಗುತ್ತದೆ. ಆಗ ಬಿರಿಟವ್ವ ಹೇಗೆ ಗುನುಗುತ್ತಿದ್ದಳು, ಹೇಳಿಕೊಡಬೇ ಎಂದು ಕೇಳುತ್ತೇನೆ.

ಆ ಹೊತ್ತಿನಲ್ಲಿ ನೀನು ಮನೆಯಲ್ಲಿ ಇರಬೇಡ.

ಮಹಾನಂದಾ